ಐತೀರ್ಪಿನಲ್ಲಿ ಬರೆಯದೆ ಉಳಿದ ನೌಕರಿ

ಆಲಮಟ್ಟಿ ಜಲಾಶಯದಲ್ಲಿ ನೀರು ನಿಲ್ಲಿಸುವ ಮಟ್ಟವನ್ನು 519.60 ಮೀಟರಿನಿಂದ 524.256 ಮೀಟರಿಗೆ ಏರಿಸುವ ಮಾತು ಬಾಗಲಕೋಟೆ ಜಿಲ್ಲೆಯ ಹೊಳೆಸಾಲಿನ ಊರುಗಳಲ್ಲಿ ಮತ್ತೆ ಜೋರಾಗಿದೆ. ಕೃಷ್ಣಾ ಮೇಲ್ದಂಡೆ ಯೋಜನೆಯ ಮೂರನೇ ಹಂತದಲ್ಲಿ ಮುಳುಗಡೆಯಾಗುವ ನೀರಾವರಿ ಜಮೀನಿಗೆ ಎಕರೆಗೆ 40 ಲಕ್ಷ ರೂಪಾಯಿ, ಒಣಬೇಸಾಯದ ಜಮೀನಿಗೆ 30 ಲಕ್ಷ ರೂಪಾಯಿ, ಕಾಲುವೆಗೆ ಹೋಗುವ ಜಮೀನಿಗೆ ಕ್ರಮವಾಗಿ 30 ಮತ್ತು 25 ಲಕ್ಷ ರೂಪಾಯಿ ಎಂದು ರಾಜ್ಯ ಸಚಿವ ಸಂಪುಟ 2025ರ ಸೆಪ್ಟೆಂಬರಿನಲ್ಲಿ ತೀರ್ಮಾನಿಸಿದ ಮೇಲೆ, ಅಗಸಿಯ ಕಟ್ಟೆಯಲ್ಲೂ ಸಂತೆಯಲ್ಲೂ ನವನಗರದ ಕೋರ್ಟಿನ ಆವರಣದಲ್ಲೂ ದರದ ಲೆಕ್ಕವೇ ನಡೆದಿದೆ. ಆ ಲೆಕ್ಕ ಬೇಕಾದದ್ದೇ. ಆದರೆ ದರದ ಮಾತು ಮುಗಿದು, ಕಾಗದಗಳನ್ನು ಚೀಲಕ್ಕೆ ಸೇರಿಸಿಕೊಂಡು ಏಳುವ ಹೊತ್ತಿಗೆ ಬಹುತೇಕ ಎಲ್ಲರೂ ಕೇಳುವ ಇನ್ನೊಂದು ಪ್ರಶ್ನೆಯಿದೆ: "ವಕೀಲ್ರ, ಹೊಲ ಹೋದ ಮನಿಗೊಂದು ನೌಕರಿ ಕೊಡ್ತಾರಂತಲ್ರೀ, ಅದನ್ನ ಎಲ್ಲಿ ಕೇಳಬೇಕ್ರಿ?"

ಭೂಸ್ವಾಧೀನದ ಪ್ರಕರಣಗಳು ನನ್ನ ವೃತ್ತಿಯ ಬಹುಪಾಲು. ನಮ್ಮ ಮನೆತನವೂ ಬೀಳಗಿ ತಾಲ್ಲೂಕಿನ ಮುಳುಗಡೆಯ ಊರಿನದೇ. ಹಾಗಾಗಿ ಈ ಪ್ರಶ್ನೆಯ ಹಿಂದಿರುವ ಆತಂಕ ನನಗೆ ಪರಕೀಯವಲ್ಲ. ಎದ್ದು ಹೋಗುವವರಿಗೆ ಎರಡು ಮಾತಿನಲ್ಲಿ ಹೇಳಿ ಮುಗಿಸುವ ಉತ್ತರ ಇದಕ್ಕಿಲ್ಲ. ಹೊಲ ಕಳೆದುಕೊಂಡ ಮನೆಯವರು ನೌಕರಿ ಕೇಳುವುದು ಸರ್ಕಾರದ ದಯೆಯನ್ನು ಕೇಳಿದಂತೆ ಎಂದು ಬಹಳ ಜನ ಅಧಿಕಾರಿಗಳು ತಿಳಿದಿದ್ದಾರೆ, ಕೇಳುವವರೂ ಹಾಗೆಯೇ ತಿಳಿದು ಕೈಮುಗಿದು ನಿಲ್ಲುತ್ತಾರೆ. ಕಾನೂನಿನ ಪ್ರಕಾರ ಐತೀರ್ಪಿನಲ್ಲಿ, ಅಂದರೆ ಪರಿಹಾರ, ಪುನರ್ವಸತಿಯನ್ನು ನಿಗದಿಪಡಿಸಿ ಅಧಿಕಾರಿ ಹೊರಡಿಸುವ ಆದೇಶದಲ್ಲಿ, ಈಗ ಅದಕ್ಕೊಂದು ಜಾಗವಿದೆ. ಅದರ ಮಿತಿಗಳೂ ದೊಡ್ಡವೇ. ಆದರೆ ಆ ಜಾಗದಲ್ಲಿ ಯಾರೂ ಏನೂ ಬರೆಸುವುದಿಲ್ಲ, ಬರೆಯಬೇಕಾದ ಹೊತ್ತು ಕಳೆದ ಮೇಲೆ ಮನವಿಪತ್ರ ಹಿಡಿದು ಜಿಲ್ಲಾಡಳಿತ ಭವನದ ಮುಂದೆ ಕೂರುತ್ತಾರೆ. ಈ ಬರಹ ಅದರ ಕುರಿತಾದದ್ದು.

ಮೊದಲು, ಕೈತುಂಬ ಹಣ ಬರುವವರೂ ನೌಕರಿಯನ್ನು ಏಕೆ ಕೇಳುತ್ತಾರೆ ಎಂಬುದನ್ನು ನೋಡಬೇಕು. ಪೇಟೆಯಲ್ಲಿರುವವರಿಗೆ ಇದು ದುರಾಸೆಯಂತೆ ಕಾಣುತ್ತದೆ. ನಾಲ್ಕು ಎಕರೆ ಎರೆಭೂಮಿ ಇದ್ದ ಮನೆಯನ್ನು ನೆನೆಯಿರಿ. ಹಿಂಗಾರಿಯಲ್ಲಿ ಬಿಳಿಜೋಳ, ಕಡಲೆ, ಅಂಚಿಗೆ ಕುಸುಬೆ, ನೀರು ಸಿಕ್ಕ ಮೇಲೆ ಒಂದಿಷ್ಟು ಕಬ್ಬು. ಆ ಹೊಲವು ಅಪ್ಪನಿಗೂ ಕೆಲಸ ಕೊಟ್ಟಿತ್ತು, ಮಗನಿಗೂ ಕೊಡುತ್ತಿತ್ತು, ಓದು ತಲೆಗೆ ಹತ್ತದ ಮೊಮ್ಮಗನಿಗೂ ಕೊಡುವುದಿತ್ತು. ಮಳೆ ಕೈಕೊಟ್ಟ ವರ್ಷ ಆದಾಯ ಇಲ್ಲವಾಗುತ್ತಿತ್ತು, ಕೆಲಸವಂತೂ ಇಲ್ಲವಾಗುತ್ತಿರಲಿಲ್ಲ. ಪರಿಹಾರದ ಹಣ ಬಂದಾಗ ಅದು ಅಣ್ಣತಮ್ಮಂದಿರಲ್ಲಿ ಪಾಲಾಗುತ್ತದೆ, ಹಳೆಯ ಸಾಲಕ್ಕೆ ಹೋಗುತ್ತದೆ, ಪುನರ್ವಸತಿ ಕೇಂದ್ರದಲ್ಲಿ ಮನೆ ಕಟ್ಟುವುದಕ್ಕೆ ಹೋಗುತ್ತದೆ, ಒಂದೆರಡು ಮದುವೆಗೆ ಹೋಗುತ್ತದೆ. ಇವುಗಳಲ್ಲಿ ಯಾವುದನ್ನೂ ನಾನು ದುಂದುಗಾರಿಕೆ ಎನ್ನಲಾರೆ. ಪರಿಹಾರ ಪಡೆದ ಸಾವಿರಾರು ಮಂದಿ ಒಮ್ಮೆಲೇ ಭೂಮಿ ಹುಡುಕಲು ಹೊರಟರೆ ಸುತ್ತಲಿನ ಜಮೀನಿನ ಬೆಲೆಯೂ ಒಮ್ಮೆಲೇ ಏರುತ್ತದೆ, ಹೋದಷ್ಟು ಭೂಮಿಯನ್ನು ಬಂದ ಹಣದಲ್ಲಿ ಕೊಳ್ಳಲಾಗುವುದಿಲ್ಲ. ಕೊನೆಗೆ ಉಳಿಯುವುದು ಕೆಲಸವಿಲ್ಲದ ಒಂದು ತಲೆಮಾರು. ನೌಕರಿಯ ಬೇಡಿಕೆ ಹುಟ್ಟುವುದು ಇಲ್ಲಿಂದ.

ಹಳೆಯ ಕಾಯ್ದೆಗೆ ಈ ಮಾತು ಕೇಳಿಸುತ್ತಲೇ ಇರಲಿಲ್ಲ. 1964ರ ಮೇ ತಿಂಗಳಿನಲ್ಲಿ ಲಾಲ್ ಬಹದ್ದೂರ್ ಶಾಸ್ತ್ರಿಯವರು ಆಲಮಟ್ಟಿಗೆ ಅಡಿಗಲ್ಲಿಟ್ಟಾಗ ಜಾರಿಯಲ್ಲಿದ್ದದ್ದು 1894ರ ಭೂಸ್ವಾಧೀನ ಕಾಯ್ದೆ, ಮುಂದಿನ ಐದು ದಶಕಗಳ ಸ್ವಾಧೀನವೆಲ್ಲ ಹೆಚ್ಚುಕಡಿಮೆ ಅದರಡಿಯಲ್ಲೇ ಆಯಿತು. ಆ ಕಾಯ್ದೆಯ ಕಣ್ಣಿಗೆ ಹೊಲವೆಂದರೆ ಮಾರುಕಟ್ಟೆಯ ಬೆಲೆ ಮಾತ್ರ. 4(1)ನೇ ಕಲಮಿನ ಅಧಿಸೂಚನೆಯ ದಿನದ ಬೆಲೆ, 1984ರ ತಿದ್ದುಪಡಿಯ ನಂತರ ಅದರ ಮೇಲೆ ಶೇ 30ರ ಸೊಲೇಷಿಯಂ (ಬಲವಂತದ ಸ್ವಾಧೀನಕ್ಕೆ ಕೊಡುವ ಸಾಂತ್ವನದ ಮೊತ್ತ), ಶೇ 12ರ ಹೆಚ್ಚುವರಿ ಮೊತ್ತ, ತಡವಾದರೆ ಮೊದಲ ವರ್ಷಕ್ಕೆ ಶೇ 9 ಮತ್ತು ನಂತರ ಶೇ 15ರ ಬಡ್ಡಿ. ಬೆಲೆ ಸಾಲದು ಎನಿಸಿದವರು 18ನೇ ಕಲಮಿನಡಿ ಕೋರ್ಟಿಗೆ ಹೋಗಬಹುದಿತ್ತು. ಹೋದರು, ಗೆದ್ದರು, ಗೆದ್ದ ಹಣ ಬಾರದೆ ಉಪವಿಭಾಗಾಧಿಕಾರಿಗಳ ಕಚೇರಿಯ ಕುರ್ಚಿ, ಕಂಪ್ಯೂಟರ್, ಜೀಪುಗಳನ್ನು ಜಪ್ತಿ ಮಾಡಿಸಿದರು. ಬೆಳಗಾವಿ, ಬಾಗಲಕೋಟೆ, ವಿಜಯಪುರ ಜಿಲ್ಲೆಗಳ ಪತ್ರಿಕೆ ಓದುವವರಿಗೆ ಈ ಜಪ್ತಿಯ ಸುದ್ದಿ ಹೊಸದಲ್ಲ. ಆದರೆ ಇಷ್ಟೆಲ್ಲ ವ್ಯಾಜ್ಯದಲ್ಲಿ ಜೀವನೋಪಾಯ ಎಂಬ ಪ್ರಶ್ನೆಯನ್ನು ಎತ್ತಲು ಕಾಯ್ದೆಯಲ್ಲಿ ಒಂದು ಸಾಲೂ ಇರಲಿಲ್ಲ.

ಕಾಯ್ದೆಯಲ್ಲಿ ಇಲ್ಲದ್ದನ್ನು ಬಾಯಿಮಾತು ತುಂಬಿತು. ಸ್ವಾತಂತ್ರ್ಯಾನಂತರದ ಮೊದಲ ದಶಕಗಳಲ್ಲಿ ದೊಡ್ಡ ಸಾರ್ವಜನಿಕ ಉದ್ದಿಮೆಗಳು ಭೂಮಿ ಕೊಟ್ಟ ಮನೆಗೊಂದು ಕೆಲಸ ಎಂಬ ರೂಢಿಯನ್ನು ಇಟ್ಟುಕೊಂಡಿದ್ದವು. ಕಾರ್ಖಾನೆಗಳಿಗೆ ಆಗ ಕೈಗಳ ಅಗತ್ಯವೂ ಇತ್ತು. 1986ರಲ್ಲಿ ಕೇಂದ್ರ ಸರ್ಕಾರ ಇಂಥ ಭರವಸೆಗಳನ್ನು ಹಿಂತೆಗೆದುಕೊಂಡಂತೆ ತಿಳಿಯಬೇಕೆಂದು ತನ್ನ ಉದ್ದಿಮೆಗಳಿಗೆ ಸೂಚಿಸಿತು. ಭೂಮಿ ಕೇಳಲು ಊರಿಗೆ ಬರುವವರ ಬಾಯಲ್ಲಿ ಮಾತ್ರ ಭರವಸೆ ಹಾಗೆಯೇ ಉಳಿಯಿತು. ಗುಡಿಯ ಮುಂದೆ ಸಭೆ ಕರೆದು, "ನಿಮ್ಮ ಹುಡುಗರಿಗೇ ಮೊದಲ ಆದ್ಯತೆ" ಎಂದು ಮೈಕಿನಲ್ಲಿ ಹೇಳಿ ಹೋದವರ ಮಾತನ್ನು ನಂಬಿದ ಹಿರಿಯರು ಇಂದಿಗೂ ಆ ಸಭೆಯ ದಿನ, ಬಂದಿದ್ದ ಅಧಿಕಾರಿಯ ಮುಖ, ಅವರಿಗೆ ಹಾಕಿದ ಶಾಲನ್ನು ನೆನಪಿಟ್ಟುಕೊಂಡಿದ್ದಾರೆ. ಕಾಗದ ಕೇಳಿದರೆ ಇಲ್ಲ. ಸಭೆಯ ನಡಾವಳಿಯನ್ನು ಮಾಹಿತಿ ಹಕ್ಕಿನಡಿ ತರಿಸಿದರೆ ಅದರಲ್ಲಿ "ರೈತರೊಂದಿಗೆ ಚರ್ಚಿಸಲಾಯಿತು" ಎಂಬುದಕ್ಕಿಂತ ಹೆಚ್ಚಿನದೇನೂ ಸಿಗುವುದಿಲ್ಲ.

ಇಂಥ ಬಾಯಿಮಾತನ್ನು ಹಿಡಿದು ಕೋರ್ಟಿಗೆ ಹೋದವರಿಗೆ ಏನಾಯಿತು ಎಂಬುದಕ್ಕೆ ರೂರ್ಕೆಲಾ ಉಕ್ಕಿನ ಸ್ಥಾವರದ ಪ್ರಕರಣ ಸಾಕು. ಅಲ್ಲಿ 1950ರ ದಶಕದಲ್ಲಿ ಭೂಮಿ ಕಳೆದುಕೊಂಡ ಕುಟುಂಬಗಳು ಜೀವನೋಪಾಯದ ಹಕ್ಕೆಂದು ಉದ್ಯೋಗ ಕೇಳಿದಾಗ, ಕಾನೂನುಬದ್ಧವಾಗಿ ಪರಿಹಾರ ಕೊಟ್ಟು ಭೂಮಿ ಪಡೆದ ಮೇಲೆ ಸ್ಥಳಾಂತರಗೊಂಡ ಕುಟುಂಬದ ಪ್ರತಿಯೊಬ್ಬ ಸದಸ್ಯನಿಗೂ ಉದ್ಯೋಗ ಕೊಡಬೇಕೆಂಬ ಹೊಣೆ ಸರ್ಕಾರದ ಮೇಲೆ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1995ರಲ್ಲಿ ಹೇಳಿತು. 2005ರಲ್ಲಿ ಅಲಹಾಬಾದ್ ಹೈಕೋರ್ಟಿನ ಪೂರ್ಣ ಪೀಠವು, ಭೂಮಿ ಹೋಯಿತೆಂಬ ಕಾರಣಕ್ಕೆ ಸರ್ಕಾರಿ ಹುದ್ದೆ ಕೊಡುವುದು ಸಂವಿಧಾನದ 16ನೇ ವಿಧಿಯ ಸಮಾನ ಅವಕಾಶಕ್ಕೆ ಹೊಂದುವುದಿಲ್ಲ ಎಂಬ ನಿಲುವು ತೆಗೆದುಕೊಂಡಿತು. ಮರುವರ್ಷ, 2006ರ ಏಪ್ರಿಲ್ 10ರಂದು, ನಮ್ಮದೇ ರಾಜ್ಯ ಸರ್ಕಾರ ಕಕ್ಷಿದಾರನಾಗಿದ್ದ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು, ನೇಮಕಾತಿಯ ನಿಯಮ ಮೀರಿ ಸೇರಿಸಿಕೊಂಡ ದಿನಗೂಲಿ ಮತ್ತು ತಾತ್ಕಾಲಿಕ ನೌಕರರಿಗೆ ಕಾಯಂ ಆಗುವ ಹಕ್ಕಿಲ್ಲ ಎಂದಿತು. ಈ ಕೊನೆಯ ತೀರ್ಪು ಭೂಮಿಯ ಕುರಿತಾದದ್ದಲ್ಲ. ಆದರೂ ಹೊಲ ಕೊಟ್ಟ ಮನೆಗಳಿಗೆ ಅದು ಬಲವಾಗಿ ತಾಗಿತು. ಯೋಜನೆಯ ಪಂಪ್‌ಹೌಸಿನಲ್ಲೋ, ಕಾಲುವೆಯ ಮೇಲೋ, ಕಚೇರಿಯಲ್ಲೋ "ಸದ್ಯಕ್ಕೆ ದಿನಗೂಲಿ ಮ್ಯಾಲ ಇರಲಿ, ಮುಂದ ನೋಡೂಣು" ಎಂದು ಸೇರಿಸಿಕೊಂಡಿದ್ದ ಹುಡುಗರ ಆ "ಮುಂದ" ಬರಲೇ ಇಲ್ಲ.

ನ್ಯಾಯಾಲಯಗಳ ಅಂಜಿಕೆಯಲ್ಲಿ ಹುರುಳಿದೆ. ಸರ್ಕಾರಿ ಹುದ್ದೆ ಎಲ್ಲರಿಗೂ ಸೇರಿದ್ದು, ಪರೀಕ್ಷೆ ಬರೆದು ಕಾಯುತ್ತಿರುವ ಭೂಹೀನ ಕುಟುಂಬದ ಹುಡುಗಿಯ ಅವಕಾಶವನ್ನು ಕಸಿದು ಇನ್ನೊಬ್ಬರಿಗೆ ಪರಿಹಾರವಾಗಿ ಕೊಡುವುದು ನ್ಯಾಯವಾಗಲಾರದು. ಆದರೆ ಸಮಾನತೆಯ ಈ ಮಾತು ಯೋಜನೆಯ ಲಾಭ ಹಂಚುವಾಗಲೂ ಅಷ್ಟೇ ಗಟ್ಟಿಯಾಗಿ ಕೇಳಿಬರಬೇಕಿತ್ತು. ಕೆಳಗಿನ ಜಿಲ್ಲೆಗಳ ಲಕ್ಷಾಂತರ ಎಕರೆಗೆ ನೀರು ಹರಿಯುವುದು ಮೇಲಿನ ಕೆಲವು ಊರುಗಳ ಹೊಲ ಮುಳುಗಿದ್ದರಿಂದ. ಎಲ್ಲರ ಲಾಭಕ್ಕೆ ಕೆಲವರಷ್ಟೇ ಜೀವನೋಪಾಯ ಕಳೆದುಕೊಂಡಾಗ, ಆ ಕೆಲವರನ್ನು ಉಳಿದವರ ಸಾಲಿನಲ್ಲೇ ನಿಲ್ಲಿಸಿ ಸಮಾನರು ಎನ್ನುವುದು ನನಗೆ ಒಪ್ಪಿಗೆಯಾಗುವುದಿಲ್ಲ. ಸುಪ್ರೀಂ ಕೋರ್ಟ್ ಕೂಡ ಎಲ್ಲ ಕಾಲಕ್ಕೂ ಕೈಚೆಲ್ಲಿ ಕೂತಿಲ್ಲ. ಒಡಿಶಾದ ಸುಂದರಗಢ ಜಿಲ್ಲೆಯಲ್ಲಿ 1980ರ ದಶಕದಲ್ಲಿ ಕಲ್ಲಿದ್ದಲಿಗಾಗಿ ಸ್ವಾಧೀನವಾದ ಭೂಮಿಯ ಒಡೆಯರಿಗೆ ದಶಕಗಳಾದರೂ ಪರಿಹಾರವಾಗಲಿ ಪುನರ್ವಸತಿಯಾಗಲಿ ಸಿಗದಿದ್ದಾಗ, 2010ರಲ್ಲಿ ಅದಕ್ಕಾಗಿಯೇ ಒಂದು ಹಕ್ಕುಸಾಧನಾ ಆಯೋಗವನ್ನು ಅದು ನೇಮಿಸಿತು.

ನಮ್ಮ ರಾಜ್ಯ ಸರ್ಕಾರ ಕಂಡುಕೊಂಡ ದಾರಿ ಮೀಸಲಾತಿಯದು. 2000ನೇ ಇಸವಿಯ ಆದೇಶದ ಪ್ರಕಾರ ಯೋಜನಾ ನಿರಾಶ್ರಿತರಿಗೆ ನೇರ ನೇಮಕಾತಿಯ 'ಸಿ' ಮತ್ತು 'ಡಿ' ಗುಂಪಿನ ಹುದ್ದೆಗಳಲ್ಲಿ ಶೇ 5ರಷ್ಟು ಸಮತಲ ಮೀಸಲಾತಿ (ಪ್ರತಿ ವರ್ಗದ ಪಾಲಿನೊಳಗೇ ಕೊಡುವ ಮೀಸಲಾತಿ) ಇದೆ, ಅದಕ್ಕೆ ತಹಶೀಲ್ದಾರರ ಪ್ರಮಾಣಪತ್ರ ಬೇಕು. ಬಾಗಲಕೋಟೆಯಲ್ಲಿ ಇದನ್ನು ಪಿಡಿಪಿ ಸರ್ಟಿಫಿಕೇಟ್ ಎಂದರೆ ಚಿಕ್ಕ ಮಕ್ಕಳಿಗೂ ತಿಳಿಯುತ್ತದೆ. ಈ ಮೀಸಲಾತಿಯಿಂದ ಶಿಕ್ಷಕರಾದವರು, ಪೊಲೀಸರಾದವರು, ಗ್ರಾಮ ಲೆಕ್ಕಿಗರಾದವರು ಪ್ರತಿ ಪುನರ್ವಸತಿ ಕೇಂದ್ರದಲ್ಲೂ ಇದ್ದಾರೆ. ಅದನ್ನು ನಾನು ಕಡಿಮೆ ಎಣಿಸುವುದಿಲ್ಲ. ಆದರೆ ಅದು ಓದಿದವರಿಗೆ ಸಿಗುವ ಸೌಲಭ್ಯ. ಹೊಲ ಹೋದಾಗ ಶಾಲೆ ಬಿಟ್ಟು ಗೌಂಡಿ ಕೆಲಸಕ್ಕೆ ಗೋವಾಕ್ಕೋ ಕಬ್ಬು ಕಡಿಯಲಿಕ್ಕೋ ಹೋದ ಹುಡುಗನಿಗೆ, ಅಂದರೆ ಹೊಲವೊಂದೇ ಕೆಲಸ ಕೊಡಬಹುದಾಗಿದ್ದವನಿಗೆ, ಈ ಪ್ರಮಾಣಪತ್ರದಿಂದ ಏನೂ ಸಿಗುವುದಿಲ್ಲ.

ರೈಲ್ವೆಯ ಕಥೆ ಬೇರೆ ಬಗೆಯದು. ಭೂಮಿ ಕಳೆದುಕೊಂಡ ಕುಟುಂಬದ ಒಬ್ಬರಿಗೆ ಕೆಳಹಂತದ ಹುದ್ದೆ ಕೊಡುವ ನೀತಿಯನ್ನು ರೈಲ್ವೆ ಮಂಡಳಿ 2010ರ ಜುಲೈನಲ್ಲಿ ಹೊರಡಿಸಿತು. ಬಾಗಲಕೋಟೆಯಿಂದ ಲೋಕಾಪುರ, ಮುಧೋಳ, ತೇರದಾಳದ ಕಡೆಯಿಂದ ಬೆಳಗಾವಿ ಜಿಲ್ಲೆಯ ಕುಡಚಿಯನ್ನು ಮುಟ್ಟುವ ಸುಮಾರು 142 ಕಿಲೋಮೀಟರಿನ ಹೊಸ ಮಾರ್ಗಕ್ಕೆ ಮಂಜೂರಾತಿ ಸಿಕ್ಕದ್ದೂ ಹೆಚ್ಚುಕಡಿಮೆ ಅದೇ ಹೊತ್ತಿಗೆ. ಮಾರ್ಗದ ಕೆಲಸ ತುಂಡುತುಂಡಾಗಿ ವರ್ಷಗಟ್ಟಲೆ ಎಳೆಯಿತು. 2019ರ ನವೆಂಬರಿನಲ್ಲಿ ಮಂಡಳಿ ನೀತಿಯನ್ನು ಹಿಂದಕ್ಕೆ ಪಡೆಯಿತು. 2013ರ ಹೊಸ ಭೂಸ್ವಾಧೀನ ಕಾಯ್ದೆಯಲ್ಲೇ ಪುನರ್ವಸತಿಯ ವ್ಯವಸ್ಥೆ ಇರುವಾಗ ಪ್ರತ್ಯೇಕ ನೀತಿ ಏಕೆ ಎಂಬುದು ಅದಕ್ಕೆ ಕೊಟ್ಟ ಕಾರಣ. ಕಾಯ್ದೆಯ ಹಕ್ಕು ಮತ್ತು ಸುತ್ತೋಲೆಯ ಹಕ್ಕಿಗೆ ಇರುವ ಅಂತರ ಇಲ್ಲಿ ಎದ್ದು ಕಾಣುತ್ತದೆ. ಸುತ್ತೋಲೆಯನ್ನು ಹೊರಡಿಸಿದವರೇ ಒಂದು ದಿನ ಹಿಂಪಡೆಯಬಹುದು. ಇಬ್ಬರು ನೆರೆಹೊರೆಯವರಲ್ಲಿ ಒಬ್ಬರ ಹೊಲ ಮೊದಲ ಹಂತಕ್ಕೆ, ಇನ್ನೊಬ್ಬರದು ಮುಂದಿನ ಹಂತಕ್ಕೆ ಹೋದರೆ, ಅವರ ನಡುವೆ ಬಾಂದುಕಲ್ಲಿನ ಜೊತೆಗೆ ಒಂದು ದಿನಾಂಕವೂ ಬಂದು ನಿಲ್ಲುತ್ತದೆ.

ನೌಕರಿಯ ಮಾತು ಬಂದಾಗ ಮನೆಯೊಳಗೆ ಏಳುವ ಜಗಳವನ್ನು ಹೇಳದೆ ಮುಂದೆ ಹೋದರೆ ಈ ವಿಷಯಕ್ಕೆ ನ್ಯಾಯ ಸಲ್ಲುವುದಿಲ್ಲ. ರೈಲು, ರಸ್ತೆ, ಕಾಲುವೆಗಳು ಹೊಲದ ನಡುವಿನಿಂದ ಒಂದು ಪಟ್ಟಿಯನ್ನಷ್ಟೇ ಕತ್ತರಿಸುತ್ತವೆ, ನಾಲ್ಕು ಎಕರೆಯಲ್ಲಿ ಹದಿನೈದು ಗುಂಟೆ. ಉತಾರದಲ್ಲಿ (ಪಹಣಿಯಲ್ಲಿ) ಅಜ್ಜನ ಹೆಸರಿದ್ದರೆ ವಾರಸಾ ಆಗಬೇಕು, ವಾರಸಾ ಆದರೆ ಮೂರು ಗಂಡುಮಕ್ಕಳು, ಇಬ್ಬರು ಹೆಣ್ಣುಮಕ್ಕಳು, ತೀರಿಕೊಂಡ ಮಗನ ಹೆಂಡತಿ, ಅವಳ ಮಕ್ಕಳು ಎಲ್ಲರ ಹೆಸರೂ ಬರಬೇಕು. ಹಣವನ್ನು ಪಾಲು ಹಾಕಬಹುದು, ನೌಕರಿಯನ್ನು ಪಾಲು ಹಾಕಲಾಗುವುದಿಲ್ಲ. ಕುಟುಂಬಕ್ಕೊಂದು ನೌಕರಿ ಎಂಬ ನೀತಿ ಇದ್ದಲ್ಲೆಲ್ಲ ಉಳಿದವರಿಂದ ಒಪ್ಪಿಗೆಯ ಅಫಿಡವಿಟ್ ತರಲು ಹೇಳುತ್ತಾರೆ, ಆಗ ಮೊದಲು ಸಹಿಗೆ ಕರೆಯುವುದು ಲಗ್ನವಾಗಿ ಹೋದ ಹೆಣ್ಣುಮಕ್ಕಳನ್ನು. "ಅಣ್ಣಗ ಆಗಲಿ ಬಿಡವಾ, ನೀ ಹ್ಯಾಂಗೂ ಅಲ್ಲಿ ಸುಖದಾಗ ಅದಿ" ಎಂಬ ಮಾತನ್ನು ನನ್ನ ಮೇಜಿನ ಎದುರಿಗೇ ಕೇಳಿದ್ದೇನೆ. 2005ರ ತಿದ್ದುಪಡಿಯ ನಂತರ ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳು ಮಗನಷ್ಟೇ ಹಕ್ಕುದಾರಳು, ಸುಪ್ರೀಂ ಕೋರ್ಟ್ 2020ರಲ್ಲಿ ಅದನ್ನು ಮತ್ತಷ್ಟು ಸ್ಪಷ್ಟಪಡಿಸಿದೆ. ಹೀಗಿದ್ದೂ ನೌಕರಿಯ ಹಕ್ಕನ್ನು ಬಿಟ್ಟುಕೊಡುವವಳು ಅವಳೇ ಆಗಿರುತ್ತಾಳೆ, ಎಷ್ಟೋ ಸಲ ಮನೆಯಲ್ಲಿ ಪಿಯುಸಿ ದಾಟಿದವಳು ಅವಳೊಬ್ಬಳೇ ಆಗಿರುತ್ತಾಳೆ. ಅಂಥ ಅಫಿಡವಿಟ್ಟಿಗೆ ಸಹಿ ಮಾಡುವ ಮೊದಲು ಅದರ ಪ್ರತಿ ಸಾಲನ್ನೂ ಅವಳಿಗೆ ಓದಿ ಹೇಳುವುದನ್ನು ನಾನು ವೃತ್ತಿಧರ್ಮವೆಂದೇ ಇಟ್ಟುಕೊಂಡಿದ್ದೇನೆ.

ಈಗ 2013ರ ಕಾಯ್ದೆಗೆ ಬರೋಣ. 2014ರ ಜನವರಿ 1ರಿಂದ ಜಾರಿಗೆ ಬಂದ ಈ ಕಾಯ್ದೆಯ ಹೆಸರಿನಲ್ಲೇ ಪುನರ್ವಸತಿ ಸೇರಿಕೊಂಡಿದೆ. ಅದರ ಎರಡನೇ ಅನುಸೂಚಿಯ 4ನೇ ಅಂಶವನ್ನು ಭೂಮಿ ಕಳೆದುಕೊಳ್ಳುವ ಪ್ರತಿಯೊಬ್ಬರೂ ಓದಿಸಿಕೊಳ್ಳಬೇಕು. ಸಂತ್ರಸ್ತ ಕುಟುಂಬಗಳಿಗೆ ಮೂರು ಆಯ್ಕೆಗಳನ್ನು ಸರ್ಕಾರ ಖಚಿತಪಡಿಸಬೇಕು ಎನ್ನುತ್ತದೆ ಅದು. ಯೋಜನೆಯಿಂದ ಉದ್ಯೋಗ ಸೃಷ್ಟಿಯಾಗುವಲ್ಲಿ, ತಕ್ಕ ತರಬೇತಿ ಕೊಟ್ಟು, ಕನಿಷ್ಠ ವೇತನಕ್ಕೆ ಕಡಿಮೆಯಾಗದಂತೆ, ಕುಟುಂಬದ ಒಬ್ಬರಿಗಾದರೂ ಆ ಯೋಜನೆಯಲ್ಲಿ ಅಥವಾ ಬೇರೊಂದರಲ್ಲಿ ಕೆಲಸ ಕೊಡುವುದು ಮೊದಲನೆಯದು. ಪ್ರತಿ ಕುಟುಂಬಕ್ಕೆ ಒಂದೇ ಸಲಕ್ಕೆ 5 ಲಕ್ಷ ರೂಪಾಯಿ ಕೊಡುವುದು ಎರಡನೆಯದು. ತಿಂಗಳಿಗೆ 2,000 ರೂಪಾಯಿಗೆ ಕಡಿಮೆಯಿಲ್ಲದಂತೆ, ಕೃಷಿ ಕಾರ್ಮಿಕರ ಗ್ರಾಹಕ ಬೆಲೆ ಸೂಚ್ಯಂಕಕ್ಕೆ ಹೊಂದಿಸಿ ಏರಿಸುತ್ತ, 20 ವರ್ಷ ವರ್ಷಾಶನ ಕೊಡುವುದು ಮೂರನೆಯದು. ಇದು ಜಮೀನಿನ ಬೆಲೆಯೊಳಗೆ ಸೇರಿದ್ದಲ್ಲ, ಬೆಲೆಯ ಮೇಲೆ ಬರುವಂಥದ್ದು.

ಕುಟುಂಬ ಎಂದರೆ ಯಾರು ಎಂಬುದನ್ನೂ ಕಾಯ್ದೆ ಬಿಡಿಸಿ ಹೇಳಿದೆ. ಗಂಡ, ಹೆಂಡತಿ, ಅಪ್ರಾಪ್ತ ಮಕ್ಕಳು, ಅವಲಂಬಿತರಾದ ಅಪ್ರಾಪ್ತ ತಮ್ಮತಂಗಿಯರು ಸೇರಿ ಒಂದು ಕುಟುಂಬ. ವಿಧವೆ, ವಿಚ್ಛೇದಿತೆ, ಮನೆಯವರು ಕೈಬಿಟ್ಟ ಹೆಣ್ಣುಮಗಳು ಬೇರೆಯದೇ ಕುಟುಂಬ. ಪ್ರಾಯಕ್ಕೆ ಬಂದ ಪ್ರತಿಯೊಬ್ಬರೂ, ಗಂಡಾಗಲಿ ಹೆಣ್ಣಾಗಲಿ, ಈ ಕಾಯ್ದೆಯ ಮಟ್ಟಿಗೆ ಪ್ರತ್ಯೇಕ ಕುಟುಂಬ. ಹಿಂದಿನ ನೀತಿಗಳಲ್ಲಿ ಅಣ್ಣತಂಗಿಯರು ಒಂದೇ ನೌಕರಿಗಾಗಿ ಎದುರುಬದುರು ನಿಲ್ಲಬೇಕಾಗಿದ್ದ ಸ್ಥಿತಿಗೆ ಈ ವ್ಯಾಖ್ಯೆಯಲ್ಲಿ ಬಹುಪಾಲು ಪರಿಹಾರವಿದೆ. ಆದರೆ ಹಳ್ಳಿಯಲ್ಲಿ ಪಟ್ಟಿ ತಯಾರಾಗುವಾಗ ಒಂದು ಉತಾರಕ್ಕೆ ಒಂದು ಕುಟುಂಬ ಎಂದೇ ಬರೆದು ಮುಗಿಸುತ್ತಾರೆ, ಆಕ್ಷೇಪಿಸುವವರೂ ಕಡಿಮೆ.

ಮೊದಲ ಆಯ್ಕೆಯಲ್ಲಿರುವ "ಯೋಜನೆಯಿಂದ ಉದ್ಯೋಗ ಸೃಷ್ಟಿಯಾಗುವಲ್ಲಿ" ಎಂಬ ಮಾತು ನಮ್ಮ ಭಾಗಕ್ಕೆ ದೊಡ್ಡ ತೊಡಕು. ಅಣೆಕಟ್ಟು ಕಟ್ಟುವಾಗ ಸಾವಿರಾರು ಮಂದಿಗೆ ಕೆಲಸ, ಕಟ್ಟಿದ ಮೇಲೆ ಗೇಟು ನೋಡಿಕೊಳ್ಳಲು ಬೆರಳೆಣಿಕೆಯ ಸಿಬ್ಬಂದಿ. ಆದ್ದರಿಂದ ಮುಳುಗಡೆಯ ಮನೆಗೆ ನೌಕರಿಯ ಆಯ್ಕೆ ಹೆಸರಿಗಷ್ಟೇ ಉಳಿಯುವ ಸಂಭವ ಹೆಚ್ಚು. ವಿದ್ಯುತ್ ಸ್ಥಾವರದ ಸಂಗತಿ ಹಾಗಲ್ಲ, ಅಲ್ಲಿ ಉದ್ಯೋಗ ನಿಜವಾಗಿಯೂ ಹುಟ್ಟುತ್ತದೆ. ವಿಜಯಪುರ ಜಿಲ್ಲೆಯ ಕೂಡಗಿಯಲ್ಲಿ 800 ಮೆಗಾವ್ಯಾಟಿನ ಮೂರು ಘಟಕಗಳ, ಒಟ್ಟು 2,400 ಮೆಗಾವ್ಯಾಟಿನ ಎನ್‌ಟಿಪಿಸಿ ಸ್ಥಾವರ ಬಂದಾಗ ಸುತ್ತಲಿನ ಊರುಗಳ ನಿರೀಕ್ಷೆ ಇದೇ ಆಗಿತ್ತು. ಸ್ಥಾವರದ ವಿರುದ್ಧದ ರೈತರ ಪ್ರತಿಭಟನೆ 2014ರ ಜುಲೈನಲ್ಲಿ ಪೊಲೀಸರ ಗೋಲಿಬಾರಿನವರೆಗೆ ಹೋದದ್ದನ್ನು ಆ ಭಾಗದವರು ಮರೆತಿಲ್ಲ. ಇಂದಿನ ದೊಡ್ಡ ಸ್ಥಾವರಗಳಲ್ಲಿ ಯಂತ್ರ ಹೆಚ್ಚು, ಜನ ಕಡಿಮೆ. ಎಂಜಿನಿಯರುಗಳನ್ನು ದೇಶದಾದ್ಯಂತದ ಪರೀಕ್ಷೆಯಿಂದ ಆರಿಸುತ್ತಾರೆ. ಊರಿನವರಿಗೆ ದಕ್ಕುವುದು ಗುತ್ತಿಗೆದಾರನ ಕೈಕೆಳಗಿನ ಕೆಲಸ: ಬೂದಿ ಸಾಗಿಸುವುದು, ಗೇಟು ಕಾಯುವುದು, ತೋಟ ನೋಡಿಕೊಳ್ಳುವುದು. ಗುತ್ತಿಗೆದಾರ ಬದಲಾದರೆ ಆ ಕೆಲಸದ ಭರವಸೆಯೂ ಇಲ್ಲ. ಕಾಯ್ದೆ ಹೇಳುವ "ಕನಿಷ್ಠ ವೇತನಕ್ಕೆ ಕಡಿಮೆಯಾಗದಂತೆ" ಎಂಬುದನ್ನು ಗುತ್ತಿಗೆ ಕೆಲಸದಿಂದಲೂ ಪೂರೈಸಿದೆವೆಂದು ತೋರಿಸಬಹುದು. ಇದು ಆ ಅಂಶದ ದೊಡ್ಡ ದೌರ್ಬಲ್ಯ ಎಂದು ನನ್ನ ಅಭಿಪ್ರಾಯ. ಕೆಲಸ ಎಷ್ಟು ವರ್ಷ ಇರಬೇಕು ಎಂದು ಅಲ್ಲಿ ಬರೆದಿಲ್ಲ.

ಹಣದ ಎರಡು ಆಯ್ಕೆಗಳೂ ಸೊರಗಿವೆ. 2025–26ನೇ ಸಾಲಿಗೆ ಕರ್ನಾಟಕದಲ್ಲಿ ಉದ್ಯೋಗ ಖಾತರಿಯ ದಿನಗೂಲಿ 370 ರೂಪಾಯಿ ಇತ್ತು. ಅಂದರೆ ತಿಂಗಳಿಗೆ 2,000 ರೂಪಾಯಿ ಎಂಬುದು ಆರು ದಿನದ ಕೂಲಿಗೂ ಸಮನಾಗದು. ಸೂಚ್ಯಂಕಕ್ಕೆ ಹೊಂದಿಸಿ ಏರಿಸಬೇಕೆಂಬ ಮಾತು ಇರುವುದರಿಂದಲೇ ಮೂರನೆಯ ಆಯ್ಕೆಗೆ ಅಲ್ಪಸ್ವಲ್ಪ ಜೀವವಿದೆ, ಆ ಮಾತನ್ನು ಕೇಳಿ ಬರೆಸಿಕೊಳ್ಳದಿದ್ದರೆ ಅದೂ ಇಲ್ಲ.

ಬರೆಸಿಕೊಳ್ಳುವುದು ಎಲ್ಲಿ ಎಂಬ ಮೊದಲ ಪ್ರಶ್ನೆಗೆ ಈಗ ಉತ್ತರ ಹೇಳಬಹುದು. ಜಮೀನಿನ ಬೆಲೆಗೆ ಒಂದು ಐತೀರ್ಪು ಆಗುವಂತೆಯೇ ಪುನರ್ವಸತಿಗೂ 31ನೇ ಕಲಮಿನಡಿ ಪ್ರತಿ ಕುಟುಂಬಕ್ಕೂ ಒಂದು ಐತೀರ್ಪು ಆಗಬೇಕು. ಅದರಲ್ಲಿ ಏನೇನು ಇರಬೇಕೆಂದು ಕಾಯ್ದೆ ಹೇಳುವಾಗ, ಕುಟುಂಬದ ಸದಸ್ಯರಿಗೆ ಕೊಡಬೇಕಾದ ಕಡ್ಡಾಯ ಉದ್ಯೋಗದ ವಿವರವನ್ನು ಹೆಸರಿಸಿಯೇ ಹೇಳಿದೆ. ನೀರಾವರಿ ಮತ್ತು ಜಲವಿದ್ಯುತ್ ಯೋಜನೆಗಳಲ್ಲಿ ಸಂತ್ರಸ್ತರಿಗೆ ಜಲಾಶಯದ ಮೀನುಗಾರಿಕೆಯ ಹಕ್ಕು ಕೊಡಬಹುದೆಂಬುದೂ ಇದೇ ಕಾಯ್ದೆಯಲ್ಲಿದೆ. ನೌಕರಿ ಹುಟ್ಟದ ಆಲಮಟ್ಟಿಯಂಥ ಯೋಜನೆಯಲ್ಲಿ ಹಿನ್ನೀರಿನ ಮೀನಿನ ಹಕ್ಕನ್ನು ಮುಳುಗಡೆಯ ಊರಿನವರ ಸಂಘಗಳು ಗಟ್ಟಿಯಾಗಿ ಕೇಳಬೇಕು ಎಂದು ನಾನು ಹೇಳುತ್ತಲೇ ಬಂದಿದ್ದೇನೆ. ಐತೀರ್ಪಿಗೆ ಮುಂಚೆ 21ನೇ ಕಲಮಿನ ನೋಟಿಸು ಬರುತ್ತದೆ. ಪರಿಹಾರಕ್ಕೂ ಪುನರ್ವಸತಿಗೂ ನಿಮ್ಮ ಬೇಡಿಕೆ ಸಲ್ಲಿಸಿ ಎಂದು ಕರೆಯುವ ನೋಟಿಸು ಅದು. ಅದಕ್ಕೆ ಕೊಡುವ ಉತ್ತರದಲ್ಲಿ, ನಾಲ್ಕನೇ ಅಂಶದ ಯಾವ ಆಯ್ಕೆ ಬೇಕು, ಯಾರ ಹೆಸರಿನಲ್ಲಿ ಬೇಕು, ಅವರ ವಯಸ್ಸು ಮತ್ತು ಓದು ಏನು ಎಂದು ಬರೆಯಬೇಕು. ಐತೀರ್ಪಿನಲ್ಲಿ ಅದು ಬಾರದಿದ್ದರೆ 64ನೇ ಕಲಮಿನಡಿ ಭೂಸ್ವಾಧೀನ, ಪುನರ್ವಸತಿ ತಕರಾರುಗಳನ್ನು ತೀರ್ಮಾನಿಸುವ ಪ್ರಾಧಿಕಾರಕ್ಕೆ ಕಳಿಸುವಂತೆ ಅರ್ಜಿ ಹಾಕಬಹುದು, ಪುನರ್ವಸತಿಯ ಹಕ್ಕುಗಳ ಆಕ್ಷೇಪವೂ ಅದರ ವ್ಯಾಪ್ತಿಗೆ ಬರುತ್ತದೆ. ಐತೀರ್ಪಿನ ವೇಳೆ ಹಾಜರಿದ್ದವರಿಗೆ ಅದರ ಅವಧಿ ಆರೇ ವಾರ. ನಮ್ಮ ಜಿಲ್ಲೆಗಳಲ್ಲಿ ಸಲ್ಲಿಕೆಯಾಗುವ ಇಂಥ ಅರ್ಜಿಗಳನ್ನು ನಾನು ನೋಡುತ್ತ ಬಂದಿದ್ದೇನೆ. ಪುಟಗಟ್ಟಲೆ ದರದ ವಾದ, ಪಕ್ಕದ ಜಮೀನಿನ ಮಾರಾಟದ ದಾಖಲೆಗಳು, ಕಬ್ಬಿನ ಇಳುವರಿಯ ಪ್ರಮಾಣಪತ್ರ ಎಲ್ಲ ಇರುತ್ತವೆ. ಪುನರ್ವಸತಿಯ ಬಗ್ಗೆ ಒಂದು ವಾಕ್ಯ ಕೂಡ ಇರುವುದು ಅಪರೂಪ. ಹೊಣೆ ಕಕ್ಷಿದಾರರಿಗಿಂತ ಹೆಚ್ಚಾಗಿ ನಮ್ಮ ವಕೀಲ ವರ್ಗದ್ದು. ದರ ಹೆಚ್ಚಾದರೆ ಕೈಗೆ ಬರುವ ಮೊತ್ತ ಕಣ್ಣಿಗೆ ಕಾಣುತ್ತದೆ, ಮಗಳ ತರಬೇತಿ, ಮಗನ ಕೆಲಸ ಹಾಗೆ ಕಾಣುವುದಿಲ್ಲ.

ಒಪ್ಪಿತ ಐತೀರ್ಪು ಮತ್ತು ನೇರ ಖರೀದಿಯ ದಾರಿಗಳಲ್ಲಿ ಇನ್ನೂ ಹೆಚ್ಚಿನ ಎಚ್ಚರ ಬೇಕು. 2019ರಲ್ಲಿ ಕರ್ನಾಟಕ ತಂದ ತಿದ್ದುಪಡಿಯು ಕೆಲವು ಬಗೆಯ ಯೋಜನೆಗಳಲ್ಲಿ ಪುನರ್ವಸತಿಯ ಬದಲಾಗಿ ಒಂದೇ ಗಂಟಿನ ಹಣ ಕೊಡಲು ಅವಕಾಶ ಮಾಡಿದೆ. ಒಪ್ಪಂದದ ಕಾಗದದ ಕೊನೆಯಲ್ಲಿ, ಈ ಮೊತ್ತದಲ್ಲಿ ಪುನರ್ವಸತಿಯ ಎಲ್ಲ ಸೌಲಭ್ಯಗಳೂ ಅಡಕವಾಗಿವೆ, ಮುಂದೆ ಯಾವುದೇ ತಕರಾರು ಇರುವುದಿಲ್ಲ ಎಂಬರ್ಥದ ಸಾಲು ಸಾಮಾನ್ಯವಾಗಿ ಇರುತ್ತದೆ. ಹಾಗೆ ಸಹಿ ಮಾಡಿದ ಮೇಲೆ ನೌಕರಿಯನ್ನಾಗಲಿ ವರ್ಷಾಶನವನ್ನಾಗಲಿ ಕೇಳುವುದು ಬಹಳ ಕಷ್ಟ. ಸಹಿ ಮಾಡಬಾರದು ಎಂದು ನಾನು ಹೇಳುವುದಿಲ್ಲ. ವರ್ಷಾನುಗಟ್ಟಲೆ ಕೋರ್ಟಿಗೆ ಅಲೆಯುವುದಕ್ಕಿಂತ ಒಪ್ಪಿ ಹಣ ಪಡೆಯುವುದೇ ಮೇಲು ಎನ್ನುವವರ ಲೆಕ್ಕವೂ ಸರಿಯೇ. ಆದರೆ ಬಿಟ್ಟುಕೊಡುತ್ತಿರುವುದು ಏನೆಂದು ತಿಳಿದು ಬಿಡಬೇಕು, ಮನೆಯ ಪ್ರಾಯದ ಮಕ್ಕಳೆಲ್ಲ ಆ ಮಾತುಕತೆಯಲ್ಲಿ ಕೂತಿರಬೇಕು.

ಭೂಮಾಲೀಕರ ಹೋರಾಟಗಳಲ್ಲಿ ಸರಿಯಾಗಿ ಕೇಳಿಬಾರದ ಇನ್ನೊಂದು ಸಂಗತಿ ಉಳಿದಿದೆ. ಎರಡನೇ ಅನುಸೂಚಿಯ ಸೌಲಭ್ಯಗಳು ಹೊಲದ ಒಡೆಯರಿಗಷ್ಟೇ ಸೀಮಿತವಲ್ಲ. ಸ್ವಾಧೀನಕ್ಕೆ ಮುಂಚಿನ ಮೂರು ವರ್ಷ ಆ ಪ್ರದೇಶದಲ್ಲಿ ಕೂಲಿ ಮಾಡಿದವರು, ಲಾವಣಿಗೆ (ಗೇಣಿಗೆ) ಇಲ್ಲವೇ ಪಾಲಿಗೆ ಹೊಲ ಮಾಡಿದವರು, ಕುಶಲಕರ್ಮಿಗಳು, ಅವರ ಮುಖ್ಯ ಜೀವನೋಪಾಯಕ್ಕೆ ಪೆಟ್ಟು ಬಿದ್ದಿದ್ದರೆ ಅವರೂ ಸಂತ್ರಸ್ತ ಕುಟುಂಬಗಳೇ. ಎಕರೆಗೆ 40 ಲಕ್ಷ ಪಡೆಯುವವನಿಗೆ ನಾಲ್ಕನೇ ಅಂಶದ 5 ಲಕ್ಷ ಚಿಕ್ಕದು. ಅವನ ಹೊಲದಲ್ಲಿ ಕಳೆ ತೆಗೆಯುತ್ತಿದ್ದವಳಿಗೆ ಕೈಹಿಡಿಯುವಷ್ಟು ದೊಡ್ಡ ಮೊತ್ತ ಇಡೀ ಕಾಯ್ದೆಯಲ್ಲಿ ಅದೊಂದೇ. ಉತಾರದಲ್ಲಿ ಅವಳ ಹೆಸರಿಲ್ಲ, ಲಾವಣಿಯನ್ನು ಯಾರೂ ಕಾಗದದ ಮೇಲೆ ಮಾಡುವುದಿಲ್ಲ, ಒಡೆಯನೂ ತನ್ನ ಹೊಲವನ್ನು ಬೇರೆಯವರು ಮಾಡುತ್ತಿದ್ದರೆಂದು ಬರೆದುಕೊಡಲು ಅಂಜುತ್ತಾನೆ. ಈ ಅಂಜಿಕೆಯನ್ನು ಹೋರಾಟದ ಮುಂದಾಳುಗಳು ಬಿಡಿಸಬೇಕು. ಕೂಲಿಯವರನ್ನು ಜೊತೆಗೆ ಕರೆದುಕೊಂಡು ಹೋದ ಊರಿನ ಬೇಡಿಕೆಗೆ ಅಧಿಕಾರಿಗಳ ಮುಂದೆಯೂ ಪ್ರಾಧಿಕಾರದ ಮುಂದೆಯೂ ಹೆಚ್ಚಿನ ತೂಕವಿರುತ್ತದೆ.

ಇದೆಲ್ಲ ನಿರ್ಧಾರವಾಗುವುದು 16ನೇ ಕಲಮಿನ ಸಮೀಕ್ಷೆಯಲ್ಲಿ. ಮನೆಮನೆಗೆ ಬಂದು ಸಂತ್ರಸ್ತ ಕುಟುಂಬಗಳನ್ನೂ, ಭೂಮಿಯಿದ್ದವರು ಮತ್ತು ಇಲ್ಲದವರು ಕಳೆದುಕೊಳ್ಳುವ ಜೀವನೋಪಾಯವನ್ನೂ ಪಟ್ಟಿ ಮಾಡಬೇಕಾದದ್ದು ಆಗಲೇ. ಆ ದಿನ ಮನೆಯ ಹಿರಿಯರೊಬ್ಬರು ಹೊರಗೆ ಬಂದು ಉತಾರ ತೋರಿಸಿ ಕಳಿಸಿದರೆ ಸಾಲದು. ಹದಿನೆಂಟು ತುಂಬಿದ ಪ್ರತಿಯೊಬ್ಬರ ಹೆಸರು, ಓದು, ಮಾಡುತ್ತಿರುವ ಕೆಲಸ ಪಟ್ಟಿಗೆ ಬರಬೇಕು, ಗಂಡನ ಮನೆಯಿಂದ ತಿರುಗಿ ಬಂದಿರುವ ಅಕ್ಕನ ಹೆಸರು ಬೇರೆ ಕುಟುಂಬವಾಗಿ ಬರಬೇಕು. ಕೂಲಿಯವರು ರೇಷನ್ ಕಾರ್ಡು, ಮತದಾರರ ಚೀಟಿ, ಉದ್ಯೋಗ ಖಾತರಿಯ ಜಾಬ್ ಕಾರ್ಡುಗಳ ನಕಲುಗಳನ್ನು ಜೊತೆಗಿಟ್ಟು, ತಮ್ಮ ಹೆಸರು ಸೇರಿಸುವಂತೆ ಲಿಖಿತ ಅರ್ಜಿ ಕೊಟ್ಟು ಸ್ವೀಕೃತಿಯ ಮೊಹರು ಹಾಕಿಸಿಕೊಳ್ಳಬೇಕು. ಕರಡು ಪಟ್ಟಿ ಪ್ರಕಟವಾದಾಗ ಗ್ರಾಮಸಭೆಯಲ್ಲಿ ಅದನ್ನು ಗಟ್ಟಿಯಾಗಿ ಓದಿಸಿ, ಬಿಟ್ಟುಹೋದ ಹೆಸರುಗಳನ್ನು ಅಲ್ಲಿಯೇ ನಡಾವಳಿಯಲ್ಲಿ ದಾಖಲಿಸಬೇಕು. ಮೂರನೇ ಹಂತದ ಊರುಗಳಿಂದ ಯಾರಾದರೂ ಈ ಅರ್ಜಿಯ ನಮೂನೆ ಕೇಳಿದರೆ ಬರೆದುಕೊಡಲು ನಾನೂ, ನವನಗರದ ನನ್ನ ಕೆಲವು ಸಹೋದ್ಯೋಗಿಗಳೂ ಸಿದ್ಧರಿದ್ದೇವೆ. ಅದಕ್ಕೆ ಶುಲ್ಕವಿಲ್ಲ.